ವಿಮಾನವೇರಿದ ನಗೆ

ದಾರಿಯಲ್ಲಿ ನಡೆದುಹೋಗುವವನೊಬ್ಬನು ಬಾಳೆಹಣ್ಣಿನ ಸಿಪ್ಪೆಯ ಮೇಲೆ ಕಾಲಿಟ್ಟು ಜಾರಿ ಬಿದ್ದರೆ ನೋಡಿದವರಿಗೆ ನಗು ಬರುತ್ತದೆ. ಬಿದ್ದವನೂ ಮೈ ಕೊಡವಿಕೊಂಡು ಎದ್ದು ಆ ನಗೆಯಲ್ಲಿ ಪಾಲುಗೊಳ್ಳುವುದುಂಟು. ಅದೇ ಮನುಷ್ಯನು ಮಹಡಿಯ ಅಂಚಿನಲ್ಲಿ ಕಾಲು ಜಾರಿದನೆಂದರೆ ಯಾರೂ ನಗುವುದಿಲ್ಲ. ಎತ್ತರ ಹೆಚ್ಚಿದಷ್ಟೂ ನಗೆ ಕುಗ್ಗಿ ಭಯ ಹಿಗ್ಗುವುದು ಲೋಕದ ಸ್ವಭಾವ. ಹೀಗಿರುವಾಗ, ನೆಲದಿಂದ ಮೂವತ್ತು ಸಾವಿರ ಅಡಿಗಳ ಎತ್ತರದಲ್ಲಿ, ತೆಳುವಾದ ಲೋಹದ ಗೋಡೆಯನ್ನೂ ಕಣ್ಣಿಗೆ ಕಾಣದ ಒಬ್ಬ ಚಾಲಕನನ್ನೂ ನಂಬಿ ಕುಳಿತ ಜನರ ನಡುವೆ ಹಾಸ್ಯವನ್ನು ಹುಟ್ಟಿಸುವುದೆಂದರೆ ಸುಲಭದ ಮಾತೇ? ಆದರೂ ಚಲನಚಿತ್ರ ಹಾಗೂ ದೂರದರ್ಶನಗಳು ಈ ಸಾಹಸಕ್ಕೆ ಮತ್ತೆ ಮತ್ತೆ ಕೈಹಾಕಿವೆ. ಕೆಲವೊಮ್ಮೆ ಅದ್ಭುತವಾಗಿ ಗೆದ್ದೂ ಇವೆ.

ಇಂಥ ಹಾಸ್ಯಚಿತ್ರಗಳನ್ನು ಸ್ವಲ್ಪ ಎಚ್ಚರದಿಂದ ನೋಡಿದವರಿಗೆ ಒಂದು ಸಂಗತಿ ಹೊಳೆಯುತ್ತದೆ. ಅವುಗಳಲ್ಲಿ ನಗೆ ಚಿಮ್ಮುವ ಸ್ಥಳಗಳು ಬಾಯಿಗೆ ಬಂದಂತೆ ಆರಿಸಿಕೊಂಡವುಗಳಲ್ಲ. ವಿಮಾನಯಾನದಲ್ಲಿ ನಿಜವಾದ ಅಪಾಯ ಎಲ್ಲೆಲ್ಲಿ ಅಡಗಿದೆಯೋ, ಮನುಷ್ಯನ ಮರೆವು, ಅಹಂಕಾರ, ಅವಸರಗಳು ಎಲ್ಲೆಲ್ಲಿ ಯಂತ್ರದೊಡನೆ ತಾಕಲಾಡುತ್ತವೆಯೋ, ಅಲ್ಲಲ್ಲಿಯೇ ಅವು ನಮ್ಮನ್ನು ನಗಿಸುತ್ತವೆ. ತಂತ್ರಜ್ಞರು ವರದಿಗಳಲ್ಲಿ ಗಂಭೀರವಾಗಿ ಬರೆದಿಟ್ಟ ಎಷ್ಟೋ ಮಾತುಗಳನ್ನು ಹಾಸ್ಯಗಾರರು ತಮ್ಮದೇ ರೀತಿಯಲ್ಲಿ ಕಂಡುಕೊಂಡಿದ್ದಾರೆ. ಇದನ್ನು ತಿಳಿಯಲು ಎರಡು ಪ್ರಸಿದ್ಧ ಚಿತ್ರಗಳನ್ನು ಗಮನಿಸೋಣ. ಒಂದು ವಿಮಾನದ ಬಾಲ್ಯವನ್ನು ಕುರಿತದ್ದು. ಇನ್ನೊಂದು ಅದರ ಪ್ರಾಯವನ್ನು ಕುರಿತದ್ದು.

ಮೊದಲನೆಯದು 1965ರಲ್ಲಿ ತೆರೆಕಂಡ ‘ದೋಸ್ ಮ್ಯಾಗ್ನಿಫಿಸೆಂಟ್ ಮೆನ್ ಇನ್ ದೇರ್ ಫ್ಲೈಯಿಂಗ್ ಮೆಷೀನ್ಸ್’ ಎಂಬ ಇಂಗ್ಲಿಷ್ ಚಿತ್ರ. ಹಾರುವ ಯಂತ್ರಗಳನ್ನೇರಿದ ಭಲೇ ಗಂಡುಗಳು ಎಂದು ಅದರ ಹೆಸರಿನ ಭಾವವನ್ನು ಹೇಳಬಹುದು. ಕೆನ್ ಅನಾಕಿನ್ ಇದರ ನಿರ್ದೇಶಕ. ಕಥೆ ನಡೆಯುವುದು 1910ರಲ್ಲಿ. ಲಂಡನ್ನಿನ ಪತ್ರಿಕೆಯೊಂದರ ಒಡೆಯನು ಲಂಡನ್ನಿನಿಂದ ಪ್ಯಾರಿಸ್ಸಿಗೆ ವಿಮಾನಗಳ ಪಂದ್ಯವನ್ನು ಏರ್ಪಡಿಸಿ, ಗೆದ್ದವನಿಗೆ 10,000 ಪೌಂಡುಗಳ ಬಹುಮಾನವನ್ನು ಸಾರುತ್ತಾನೆ. ನಾನಾ ದೇಶಗಳ ವೀರರು ಬಿದಿರು, ಬಟ್ಟೆ, ತಂತಿಗಳಿಂದ ಕಟ್ಟಿದ ವಿಚಿತ್ರ ವಾಹನಗಳೊಡನೆ ಬಂದು ಸೇರುತ್ತಾರೆ. ಇದು ಪೂರ್ತಿಯಾಗಿ ಕಲ್ಪನೆಯಲ್ಲ. 1909ರ ಜುಲೈ 25ರಂದು ಲೂಯಿ ಬ್ಲೆರಿಯೋ ಇಂಗ್ಲಿಷ್ ಕಾಲುವೆಯನ್ನು ಹಾರಿ ದಾಟಿದಾಗ ‘ಡೈಲಿ ಮೇಲ್’ ಪತ್ರಿಕೆ ಅವನಿಗೆ 1,000 ಪೌಂಡುಗಳನ್ನು ಕೊಟ್ಟಿತು. ಮರುವರ್ಷ ಲಂಡನ್ನಿನಿಂದ ಮ್ಯಾಂಚೆಸ್ಟರಿಗೆ ಹಾರಿದವನಿಗೆ ಅದೇ ಪತ್ರಿಕೆ ಕೊಟ್ಟ ಬಹುಮಾನ ಸರಿಯಾಗಿ 10,000 ಪೌಂಡು. ಅದನ್ನು ಗೆದ್ದವನು ಲೂಯಿ ಪೋಲಾನ್ ಎಂಬ ಫ್ರೆಂಚ್ ಸಾಹಸಿ. ಚಿತ್ರದ ಕಥೆಗಾರರು ಇತಿಹಾಸಕ್ಕೆ ಕೊಂಚ ಬಣ್ಣ ಬಳಿದರು, ಅಷ್ಟೆ.

ಈ ಚಿತ್ರದ ಹಿರಿಮೆ ಇರುವುದು ಅದರ ವಿಮಾನಗಳಲ್ಲಿ. ಬೊಂಬೆ ವಿಮಾನಗಳನ್ನು ತೂಗುಹಾಕಿ ಚಿತ್ರವನ್ನು ಮುಗಿಸಬಹುದಾಗಿತ್ತು. ಆದರೆ ನಿರ್ಮಾಪಕರು 1910ರ ಕಾಲದ ವಿನ್ಯಾಸಗಳನ್ನು ಅನುಸರಿಸಿ, ನಿಜವಾಗಿ ಹಾರಬಲ್ಲ ಪ್ರತಿಕೃತಿಗಳನ್ನು ಕಟ್ಟಿಸಿದರು. ಬ್ರಿಸ್ಟಲ್ ಬಾಕ್ಸ್‌ಕೈಟ್, ಆವ್ರೋ ಟ್ರೈಪ್ಲೇನ್, ಆಂಟ್ವಾನೆಟ್, ಡೆಮ್ವಾಸೆಲ್ ಮುಂತಾದವು ಅರ್ಧ ಶತಮಾನದ ಬಳಿಕ ಮತ್ತೆ ಆಕಾಶವನ್ನು ಕಂಡವು. ಇವುಗಳ ಪೈಕಿ ಡೆಮ್ವಾಸೆಲ್ಲಿನ ಕಥೆ ಸ್ವಾರಸ್ಯವಾಗಿದೆ. ಬ್ರೆಜಿಲ್ ದೇಶದಿಂದ ಬಂದು ಫ್ರಾನ್ಸಿನಲ್ಲಿ ನೆಲೆಸಿದ್ದ ಸಾಂಟೋಸ್ ಡ್ಯುಮಾನ್ ಎಂಬಾತನು ತನಗಾಗಿ ರಚಿಸಿಕೊಂಡಿದ್ದ, ತುಂಬೆಹುಳುವಿನಂಥ ಪುಟ್ಟ ವಿಮಾನವದು. ಅಳತೆಗಳನ್ನು ಅನುಸರಿಸಿ ಕಟ್ಟಿದರೂ ಪ್ರತಿಕೃತಿ ಸರಿಯಾಗಿ ಮೇಲೇಳಲೊಲ್ಲದು. ತಪ್ಪು ಎಲ್ಲಿದೆಯೆಂದು ಹುಡುಕಿದಾಗ, ಡ್ಯುಮಾನ್ ಬಹಳ ಕೃಶವಾದ, ಹಗುರ ಮೈಯ ಮನುಷ್ಯನಾಗಿದ್ದನೆಂಬುದು ಅವರ ನೆನಪಿಗೆ ಬಂದಿತು. ವಿಮಾನದ ಲೆಕ್ಕದಲ್ಲಿ ಅವನ ತೂಕವೂ ಸೇರಿತ್ತು! ಕೊನೆಗೆ ಜೋನ್ ಹ್ಯೂಸ್ ಎಂಬ ಅನುಭವಿ ಮಹಿಳೆಯನ್ನು ಕರೆಸಿದರು. ಎರಡನೆಯ ಮಹಾಯುದ್ಧದಲ್ಲಿ ಯುದ್ಧವಿಮಾನಗಳನ್ನು ಕಾರ್ಖಾನೆಗಳಿಂದ ಸೈನ್ಯದ ನೆಲೆಗಳಿಗೆ ತಲಪಿಸುತ್ತಿದ್ದ ಸಂಸ್ಥೆಯಲ್ಲಿ ಅವರು ಸೇವೆ ಸಲ್ಲಿಸಿದ್ದರು. ಅವರ ಮೈ ಹಗುರ, ಕೈ ಪಳಗಿದ್ದು. ಡೆಮ್ವಾಸೆಲ್ ಅವರನ್ನು ಹೊತ್ತು ಗಾಳಿಗೇರಿತು. ಆ ಪ್ರತಿಕೃತಿಗಳಲ್ಲಿ ಬಾಕ್ಸ್‌ಕೈಟ್ ಮತ್ತು ಟ್ರೈಪ್ಲೇನ್‌ಗಳು ಇಂಗ್ಲೆಂಡಿನ ಶಟಲ್‌ವರ್ತ್ ಸಂಗ್ರಹದಲ್ಲಿ ಉಳಿದುಬಂದಿವೆ. ನಗಿಸುವುದಕ್ಕಾಗಿ ಕಟ್ಟಿದ ವಿಮಾನಗಳು ಇತಿಹಾಸಕಾರರಿಗೆ ಪಾಠ ಹೇಳಿದುದು ಹೀಗೆ.

ಇದೇ ಚಿತ್ರದಲ್ಲಿ ಬರುವ ಜರ್ಮನ್ ಸೇನಾಧಿಕಾರಿಯ ಪ್ರಸಂಗವನ್ನು ನೋಡಿದವರು ಮರೆಯಲಾರರು. ಗೆರ್ಟ್ ಫ್ರೋಬೆ ಎಂಬ ನಟನು ಆ ಪಾತ್ರವನ್ನು ವಹಿಸಿದ್ದಾನೆ. ಹಾರಬೇಕಾದ ಚಾಲಕನು ಕಾಯಿಲೆ ಬೀಳಲು, ವಿಮಾನವನ್ನು ಎಂದೂ ನಡೆಸದ ಈ ಅಧಿಕಾರಿಯೇ ಕೈಪಿಡಿಯೊಂದನ್ನು ಹಿಡಿದು ಅದರೊಳಗೆ ಕೂರುತ್ತಾನೆ. ಆಜ್ಞೆ ಬರಹದಲ್ಲಿದ್ದರೆ ತಾನು ಮಾಡಲಾರದ ಕೆಲಸವಿಲ್ಲವೆಂಬುದು ಅವನ ನಂಬಿಕೆ. ಪುಸ್ತಕ ಹೇಳಿದಂತೆ ಕುಳಿತುಕೊಳ್ಳುವುದರಿಂದ ಮೊದಲುಮಾಡಿ, ಒಂದೊಂದೇ ಸೂಚನೆಯನ್ನು ಪಾಲಿಸುತ್ತ ಆಕಾಶಕ್ಕೇರುತ್ತಾನೆ. ಕಡೆಗೆ ಕಾಲುವೆಯ ನೀರಿಗೆ ಬೀಳುತ್ತಾನೆ. ಪುಸ್ತಕವನ್ನು ನೋಡಿಕೊಂಡು ವಿಮಾನ ನಡೆಸುವವನನ್ನು ಕಂಡು ಪ್ರೇಕ್ಷಕರು ಹೊಟ್ಟೆ ಹಿಡಿದುಕೊಂಡು ನಗುತ್ತಾರೆ.

ಆದರೆ ನಿಜವಾದ ವಿಮಾನಯಾನದ ಚರಿತ್ರೆ ಇದಕ್ಕೆ ವಿಚಿತ್ರವಾದ ಉತ್ತರ ಕೊಟ್ಟಿದೆ. 1935ರ ಅಕ್ಟೋಬರ್ 30ರಂದು ಅಮೆರಿಕದ ಒಹಾಯೊ ಪ್ರಾಂತದ ಡೇಟನ್ ನಗರದಲ್ಲಿ ಬೋಯಿಂಗ್ ಸಂಸ್ಥೆಯ ಹೊಸ ಬಾಂಬರ್ ವಿಮಾನವನ್ನು ಪರೀಕ್ಷೆಗಾಗಿ ಹಾರಿಸಲಾಯಿತು. ನಾಲ್ಕು ಎಂಜಿನ್‌ಗಳ ಆ ದೊಡ್ಡ ವಿಮಾನ ಮೇಲೆದ್ದ ಕೆಲವೇ ಕ್ಷಣಗಳಲ್ಲಿ ಮುಗುಚಿ ನೆಲಕ್ಕಪ್ಪಳಿಸಿತು. ಚಾಲಕರಲ್ಲಿ ಅನುಭವದ ಕೊರತೆ ಇರಲಿಲ್ಲ. ನಿಂತ ವಿಮಾನದ ಬಾಲದ ರೆಕ್ಕೆಗಳು ಗಾಳಿಗೆ ಅಲುಗದಂತೆ ಬಿಗಿಯುವ ಒಂದು ಅಗುಳಿಯನ್ನು ತೆಗೆಯಲು ಅವರು ಮರೆತಿದ್ದರು. ಇಬ್ಬರು ಪ್ರಾಣ ಕಳೆದುಕೊಂಡರು. ಇಷ್ಟೊಂದು ಸಲಕರಣೆಗಳನ್ನು ಯಾವ ಮನುಷ್ಯನೂ ನೆನಪಿನ ಬಲದಿಂದಲೇ ನಿಭಾಯಿಸಲಾರನೆಂಬುದು ಆಗ ಸ್ಪಷ್ಟವಾಯಿತು. ಅಂದಿನಿಂದ ಮಾಡಬೇಕಾದ ಕೆಲಸಗಳನ್ನೆಲ್ಲ ಪಟ್ಟಿಯಾಗಿ ಬರೆದು, ಒಂದೊಂದನ್ನೂ ಓದಿ, ಪರೀಕ್ಷಿಸಿ, ಅನಂತರವೇ ಮೇಲೇರುವ ಪದ್ಧತಿ ಬೆಳೆದುಬಂದಿತು. ಇಂದು ಇಪ್ಪತ್ತು ಮೂವತ್ತು ವರ್ಷಗಳ ಅನುಭವವುಳ್ಳ ಚಾಲಕನೂ ಪ್ರತಿಯೊಂದು ಹಾರಾಟಕ್ಕೆ ಮೊದಲು ಈ ಪಟ್ಟಿಯನ್ನು ಶ್ರದ್ಧೆಯಿಂದ ಓದಿಸುತ್ತಾನೆ. ನಮ್ಮ ಜರ್ಮನ್ ಅಧಿಕಾರಿಯ ಕೈಪಿಡಿ ಅಪಹಾಸ್ಯದ ವಸ್ತುವಲ್ಲ. ಕೈಪಿಡಿಯೊಂದೇ ಸಾಕೆಂಬ ಅವನ ಅಹಂಕಾರವೇ ಅವನನ್ನು ಮುಳುಗಿಸಿದ್ದು.

ಇನ್ನು ಎರಡನೆಯ ಚಿತ್ರಕ್ಕೆ ಬರೋಣ. ಇದರ ಬೇರು ಇರುವುದು ಹಾಸ್ಯದಲ್ಲಲ್ಲ, ಶುದ್ಧವಾದ ಭಯದಲ್ಲಿ. ಆರ್ಥರ್ ಹೇಲಿ ಎಂಬಾತನು ಎರಡನೆಯ ಮಹಾಯುದ್ಧದಲ್ಲಿ ಬ್ರಿಟಿಷ್ ವಾಯುಪಡೆಯ ಚಾಲಕನಾಗಿದ್ದವನು. 1947ರಲ್ಲಿ ಆತನು ಕೆನಡಕ್ಕೆ ವಲಸೆ ಹೋದನು. ಮುಂದೊಮ್ಮೆ ವಿಮಾನದಲ್ಲಿ ಪ್ರಯಾಣಿಕನಾಗಿ ಕುಳಿತಿದ್ದಾಗ ಅವನಿಗೊಂದು ಯೋಚನೆ ಬಂದಿತು: ಈ ವಿಮಾನದ ಇಬ್ಬರು ಚಾಲಕರೂ ಒಟ್ಟಿಗೆ ಕಾಯಿಲೆ ಬಿದ್ದರೆ ಏನು ಗತಿ? ಯುದ್ಧದ ಬಳಿಕ ಅಭ್ಯಾಸ ತಪ್ಪಿರುವ ನನ್ನಂಥವನು ಇದನ್ನು ಇಳಿಸಬಲ್ಲನೇ? ಬೇರೆಯವರಾಗಿದ್ದರೆ ಇಂಥ ಯೋಚನೆಯನ್ನು ಕೊಡವಿ ನಿದ್ದೆಹೋಗುತ್ತಿದ್ದರು. ಹೇಲಿ ಅದನ್ನು ನಾಟಕವಾಗಿ ಬರೆದನು. ‘ಫ್ಲೈಟ್ ಇಂಟು ಡೇಂಜರ್’ ಎಂಬ ಆ ನಾಟಕವನ್ನು ಕೆನಡದ ದೂರದರ್ಶನವು 1956ರ ಏಪ್ರಿಲ್ 3ರಂದು ಪ್ರಸಾರ ಮಾಡಿತು. ವಿಮಾನದಲ್ಲಿ ಬಡಿಸಿದ ಮೀನಿನ ಊಟ ಕೆಟ್ಟಿರುತ್ತದೆ; ಅದನ್ನು ಉಂಡ ಪ್ರಯಾಣಿಕರೂ ಚಾಲಕರೂ ಒಬ್ಬೊಬ್ಬರಾಗಿ ಒರಗುತ್ತಾರೆ; ಯುದ್ಧಕಾಲದಲ್ಲಿ ಒಂಟಿ ಎಂಜಿನ್ನಿನ ಸಣ್ಣ ವಿಮಾನವನ್ನು ನಡೆಸಿದ್ದ ಪ್ರಯಾಣಿಕನೊಬ್ಬನು ದೊಡ್ಡ ವಿಮಾನದ ಚಾಲಕ ಪೀಠದಲ್ಲಿ ಕುಳಿತು, ನೆಲದಿಂದ ರೇಡಿಯೋ ಮೂಲಕ ಬರುವ ಸೂಚನೆಗಳನ್ನು ಕೇಳುತ್ತ ಅದನ್ನು ಇಳಿಸಬೇಕಾಗುತ್ತದೆ. ನಾಟಕವು ಜನರ ಮನಸ್ಸನ್ನು ಸೂರೆಗೊಂಡಿತು. ಮರುವರ್ಷ, ಅಂದರೆ 1957ರಲ್ಲಿ, ಅದು ‘ಝೀರೋ ಅವರ್!’ ಎಂಬ ಹೆಸರಿನಲ್ಲಿ ಹಾಲಿವುಡ್ ಚಿತ್ರವಾಯಿತು. ಡಾನಾ ಆಂಡ್ರ್ಯೂಸ್ ಅದರ ನಾಯಕ. ಹೆಸರಿನ ಕೊನೆಗೆ ಆಶ್ಚರ್ಯಸೂಚಕ ಚಿಹ್ನೆಯನ್ನೂ ಹಚ್ಚಿದ್ದರು. ಅಷ್ಟೊಂದು ಗಂಭೀರವಾದ ಚಿತ್ರವದು.

ಕೆಲವು ವರ್ಷಗಳ ನಂತರ ಜಿಮ್ ಅಬ್ರಹಾಮ್ಸ್, ಡೇವಿಡ್ ಜುಕರ್ ಮತ್ತು ಜೆರಿ ಜುಕರ್ ಎಂಬ ಮೂವರು ಅಮೆರಿಕನ್ ತರುಣರು ಒಂದು ಕೆಲಸಕ್ಕೆ ತೊಡಗಿದ್ದರು. ಜಾಹೀರಾತುಗಳನ್ನು ಅಣಕಿಸಿ ರಂಗದ ಮೇಲೆ ನಗೆಪ್ರಸಂಗಗಳನ್ನು ಆಡುವುದು ಅವರ ಕಸುಬು. ಅದಕ್ಕಾಗಿ ನಡುರಾತ್ರಿಯ ದೂರದರ್ಶನವನ್ನು ಮುದ್ರಿಸಿಟ್ಟುಕೊಂಡು ನೋಡುತ್ತಿದ್ದರು. ಒಂದು ರಾತ್ರಿ ಜಾಹೀರಾತುಗಳ ನಡುವೆ ‘ಝೀರೋ ಅವರ್!’ ಸಿಕ್ಕಿತು. ಬಲೆ ಬೀಸಿದ್ದು ಮೀನಿಗೆ, ಸಿಕ್ಕಿದ್ದು ಮೊಸಳೆ! ಆ ಚಿತ್ರದ ಅತಿಯಾದ ಗಾಂಭೀರ್ಯದಲ್ಲಿಯೇ ನಗೆ ಅಡಗಿದೆಯೆಂದು ಅವರಿಗೆ ತೋಚಿತು. ಅದರ ಹಕ್ಕುಗಳನ್ನು ಕೊಂಡುಕೊಂಡು, ಕಥೆಯ ಹಂದರವನ್ನೂ ಎಷ್ಟೋ ಮಾತುಗಳನ್ನೂ ಇದ್ದಕ್ಕಿದ್ದಂತೆಯೇ ಉಳಿಸಿಕೊಂಡು, ‘ಏರ್‌ಪ್ಲೇನ್!’ ಎಂಬ ಚಿತ್ರವನ್ನು 1980ರಲ್ಲಿ ಹೊರತಂದರು. ಆಶ್ಚರ್ಯಸೂಚಕ ಚಿಹ್ನೆಯನ್ನೂ ಅವರು ಬಿಡಲಿಲ್ಲ. ನಾಯಕನ ಹೆಸರು ಎರಡರಲ್ಲಿಯೂ ಟೆಡ್ ಸ್ಟ್ರೈಕರ್. ಇಂಗ್ಲಿಷ್ ಬರಹದಲ್ಲಿ ಒಂದಕ್ಷರದ ವ್ಯತ್ಯಾಸ ಮಾತ್ರ.

ಈ ಚಿತ್ರದ ತಂತ್ರವನ್ನು ಅರಿಯಲು ನಮ್ಮ ಯಕ್ಷಗಾನವನ್ನು ನೆನೆಯುವುದು ಉಪಯುಕ್ತ. ಅಲ್ಲಿ ರಾಜನು ರಾಜನಂತೆ ಗಂಭೀರವಾಗಿ ಮಾತನಾಡುತ್ತಾನೆ. ನಗಿಸುವ ಹೊಣೆ ಹಾಸ್ಯಗಾರನದು. ಹಾಸ್ಯಗಾರನ ವೇಷ, ನಡೆ, ನುಡಿಗಳೇ ‘ಈಗ ನಗಬಹುದು’ ಎಂದು ನಮಗೆ ಅಪ್ಪಣೆ ಕೊಡುತ್ತವೆ. ‘ಏರ್‌ಪ್ಲೇನ್!’ ಚಿತ್ರದ ಮುಖ್ಯ ಪಾತ್ರಗಳಲ್ಲಿ ಇಂಥ ಹಾಸ್ಯಗಾರನಿಲ್ಲ. ಎಲ್ಲರೂ ರಾಜವೇಷದವರೇ. ನಿರ್ದೇಶಕರು ಹಾಸ್ಯನಟರ ಬದಲು, ಗಂಭೀರ ಪಾತ್ರಗಳಿಗೆ ಹೆಸರಾದ ಹಿರಿಯರನ್ನು ಹುಡುಕಿ ತಂದರು. ರಾಬರ್ಟ್ ಸ್ಟ್ಯಾಕ್ 1954ರ ‘ದಿ ಹೈ ಅಂಡ್ ದಿ ಮೈಟಿ’ ಎಂಬ ಚಿತ್ರದಲ್ಲಿ ಅಪಾಯಕ್ಕೆ ಸಿಕ್ಕ ವಿಮಾನದ ಕ್ಯಾಪ್ಟನ್ ಆಗಿದ್ದವರು. ಲಾಯ್ಡ್ ಬ್ರಿಜಸ್ ದೂರದರ್ಶನ ಧಾರಾವಾಹಿಯೊಂದರಲ್ಲಿ ವಿಮಾನ ನಿಲ್ದಾಣದ ಮೇಲಧಿಕಾರಿಯಾಗಿದ್ದರು. ಲೆಸ್ಲಿ ನೀಲ್ಸನ್ 1972ರಲ್ಲಿ ‘ಪೊಸೈಡನ್ ಅಡ್ವೆಂಚರ್’ ಚಿತ್ರದ ಮುಳುಗುವ ಹಡಗಿನ ಕ್ಯಾಪ್ಟನ್. ಪೀಟರ್ ಗ್ರೇವ್ಸ್ ಪತ್ತೇದಾರಿ ಸಾಹಸಗಳ ‘ಮಿಷನ್ ಇಂಪಾಸಿಬಲ್’ ಸರಣಿಯ ನಾಯಕ. ಇವರಿಗೆಲ್ಲ ನಿರ್ದೇಶಕರು ಕೇಳಿಕೊಂಡದ್ದು ಒಂದೇ: ನಗಿಸಲು ಯತ್ನಿಸಬೇಡಿ, ಹಿಂದಿನಂತೆಯೇ ಗಂಭೀರವಾಗಿ ಮಾತನಾಡಿ. ಸಂಗೀತ ನಿರ್ದೇಶಕ ಎಲ್ಮರ್ ಬರ್ನ್‌ಸ್ಟೈನ್ ಕೂಡ ಭಯಾನಕ ಚಿತ್ರಕ್ಕೆ ಬಾರಿಸುವಂಥ ವಾದ್ಯಘೋಷವನ್ನೇ ಒದಗಿಸಿದರು. ಪಾತ್ರಗಳು ಅಸಂಬದ್ಧವಾದುದನ್ನು ಹೇಳುವಾಗ ಮುಖದ ಒಂದು ಗೆರೆಯೂ ಅಲುಗುವುದಿಲ್ಲ. ನಗಲು ಅಪ್ಪಣೆ ಕೊಡುವವರು ಯಾರೂ ಇಲ್ಲದುದರಿಂದ ನಗು ಇನ್ನಷ್ಟು ಉಕ್ಕುತ್ತದೆ. ಈ ಚಿತ್ರದಿಂದ ನೀಲ್ಸನ್ನರ ಬಾಳೇ ತಿರುಗಿತು. ಅಲ್ಲಿಂದ ಮುಂದೆ ಜನ ಅವರನ್ನು ಹಾಸ್ಯನಟರೆಂದೇ ಗುರುತಿಸತೊಡಗಿದರು.

ಅಣಕಿಸುವವನಿಗೆ ಮೂಲದ ಮೇಲೆ ಎಷ್ಟು ಹಿಡಿತವಿರಬೇಕೆಂಬುದಕ್ಕೆ ಇನ್ನೆರಡು ನಿದರ್ಶನಗಳಿವೆ. ‘ಝೀರೋ ಅವರ್!’ ಚಿತ್ರದಲ್ಲಿ ವಿಮಾನದ ಕ್ಯಾಪ್ಟನ್ ಆಗಿ ನಟಿಸಿದವನು ಎಲ್‌ರಾಯ್ ಹರ್ಷ್ ಎಂಬ ಪ್ರಸಿದ್ಧ ಅಮೆರಿಕನ್ ಫುಟ್‌ಬಾಲ್ ಆಟಗಾರ. ಆಟಗಾರನು ಚಾಲಕನಾಗಿರುವ ಆ ವಿಚಿತ್ರವನ್ನು ಅಣಕಿಸಲು ಹೊಸ ಚಿತ್ರದ ಸಹಚಾಲಕನ ಪೀಠದಲ್ಲಿ ಬ್ಯಾಸ್ಕೆಟ್‌ಬಾಲ್ ಆಟದ ಮಹಾರಥಿ ಕರೀಮ್ ಅಬ್ದುಲ್ ಜಬ್ಬಾರರನ್ನು ಕೂರಿಸಿದರು. ಏಳು ಅಡಿಗಳನ್ನು ಮೀರಿದ ಆ ಮನುಷ್ಯನು ಇಕ್ಕಟ್ಟಾದ ಚಾಲಕ ಕೋಣೆಯಲ್ಲಿ ಕುಳಿತಿರುವುದನ್ನು ನೋಡಿದರೇ ಸಾಕು. ಎರಡನೆಯದು ಸದ್ದಿನ ವಿಷಯ. ಮೂಲದಲ್ಲಿದ್ದಂತೆ ಪ್ರೊಪೆಲರ್ ವಿಮಾನವೇ ಇರಬೇಕೆಂದು ನಿರ್ದೇಶಕರ ಹಟ. ಕಾಲಕ್ಕೆ ತಕ್ಕಂತೆ ಜೆಟ್ ವಿಮಾನವಿರಬೇಕೆಂದು ನಿರ್ಮಾಣ ಸಂಸ್ಥೆಯ ಪಟ್ಟು. ಕಡೆಗೆ ರಾಜಿಯಾಯಿತು. ತೆರೆಯ ಮೇಲೆ ಹಾರುವುದು ಜೆಟ್. ಕಿವಿಗೆ ಕೇಳಿಸುವುದು ಪ್ರೊಪೆಲರಿನ ಗುರುಗುಟ್ಟುವಿಕೆ! ಎಷ್ಟೋ ಪ್ರೇಕ್ಷಕರು ಚಿತ್ರ ಮುಗಿಯುವವರೆಗೂ ಇದನ್ನು ಗಮನಿಸುವುದೇ ಇಲ್ಲ. ವಿಮಾನಗಳ ಪರಿಚಯವಿದ್ದವರು ಮೊದಲ ನಿಮಿಷದಿಂದಲೇ ನಗುತ್ತಾರೆ.

ಚಿತ್ರದ ಅತ್ಯಂತ ಪ್ರಸಿದ್ಧವಾದ ನಗೆ ಹುಟ್ಟುವುದು ಚಾಲಕರ ಮಾತಿನಿಂದ. ಅದನ್ನು ಸವಿಯಬೇಕಾದರೆ ರೇಡಿಯೋ ಭಾಷೆಯ ಪರಿಚಯ ಸ್ವಲ್ಪ ಬೇಕು. ಚಾಲಕನೂ ನಿಯಂತ್ರಣ ಗೋಪುರದವರೂ ಮಾತನಾಡುವಾಗ ಕೆಲವು ಗೊತ್ತಾದ ಪದಗಳನ್ನು ಬಳಸುತ್ತಾರೆ. ‘ರೋಜರ್’ ಎಂದರೆ ‘ನಿಮ್ಮ ಮಾತು ನನಗೆ ತಲಪಿತು’ ಎಂದರ್ಥ. ‘ಓವರ್’ ಎಂದರೆ ‘ನನ್ನ ಮಾತು ಮುಗಿಯಿತು, ನೀವು ಉತ್ತರಿಸಿ’ ಎಂದರ್ಥ. ‘ವೆಕ್ಟರ್’ ಎಂದರೆ ಹಾರಬೇಕಾದ ದಿಕ್ಕು; ‘ಕ್ಲಿಯರೆನ್ಸ್’ ಎಂದರೆ ಅನುಮತಿ. ಚಿತ್ರದ ವಿಮಾನದಲ್ಲಿ ಕ್ಯಾಪ್ಟನ್ನನ ಹೆಸರು ಕ್ಲಾರೆನ್ಸ್ ಓವರ್, ಸಹಚಾಲಕನ ಹೆಸರು ರೋಜರ್, ಮೂರನೆಯವನ ಹೆಸರು ವಿಕ್ಟರ್! ಯಾರು ಯಾರನ್ನು ಕರೆಯುತ್ತಿದ್ದಾರೆ, ಯಾವುದು ಆಜ್ಞೆ, ಯಾವುದು ಉತ್ತರವೆಂಬುದು ಕ್ಷಣಾರ್ಧದಲ್ಲಿ ಗೋಜಲಾಗುತ್ತದೆ. ನಮ್ಮ ಬಸ್ಸುಗಳಲ್ಲಿ ನಿರ್ವಾಹಕನು ‘ರೈಟ್’ ಎಂದರೆ ಚಾಲಕನು ಬಸ್ಸನ್ನು ಬಿಡುತ್ತಾನೆ. ‘ಹೋಲ್ಡಾನ್’ ಎಂದರೆ ನಿಲ್ಲಿಸುತ್ತಾನೆ. ಪ್ರಯಾಣಿಕನೊಬ್ಬನ ಹೆಸರೇ ‘ರೈಟ್’ ಎಂದಿದ್ದು, ಇನ್ನೂ ಮೆಟ್ಟಲು ಹತ್ತುತ್ತಿರುವ ಅವನ ಗೆಳೆಯನು ಆ ಹೆಸರನ್ನು ಹಿಡಿದು ಕೂಗಿದರೆ ಏನಾದೀತೆಂದು ಊಹಿಸಿಕೊಳ್ಳಿ.

ಈ ನಗೆಯ ಹಿಂದೆ ನೆತ್ತರಿನಿಂದ ಬರೆದ ಪಾಠವೊಂದಿದೆ. ಚಿತ್ರ ಬಿಡುಗಡೆಯಾಗುವುದಕ್ಕೆ ಮೂರು ವರ್ಷ ಮೊದಲು, 1977ರ ಮಾರ್ಚ್ 27ರಂದು, ಸ್ಪೇನ್ ದೇಶಕ್ಕೆ ಸೇರಿದ ಟೆನೆರೀಫೆ ದ್ವೀಪದ ವಿಮಾನ ನಿಲ್ದಾಣದಲ್ಲಿ ದಟ್ಟವಾದ ಮಂಜು ಕವಿದಿತ್ತು. ಎರಡು ಬೋಯಿಂಗ್ 747 ವಿಮಾನಗಳು ಒಂದೇ ಓಡುದಾರಿಯ ಮೇಲಿದ್ದವು. ಒಂದು ವಿಮಾನದವರು, ತಾವೀಗ ಮೇಲೇರುವ ಸ್ಥಿತಿಯಲ್ಲಿದ್ದೇವೆಂಬ ಅರ್ಥ ಬರುವ ಮಾತನ್ನು ರೇಡಿಯೋದಲ್ಲಿ ಆಡಿದರು. ಓಡಲು ಸಿದ್ಧರಾಗಿ ನಿಂತಿದ್ದಾರೆಂದೇ, ಅಥವಾ ಆಗಲೇ ಓಡತೊಡಗಿದ್ದಾರೆಂದೇ? ಎರಡೂ ಅರ್ಥ ಅದಕ್ಕೆ ಹೊಂದುತ್ತಿತ್ತು. ಗೋಪುರದವರು ‘ಓಕೆ’ ಎಂದು, ಕಾಯುವಂತೆ ಹೇಳಿದರು. ಅದೇ ಗಳಿಗೆಯಲ್ಲಿ ಇನ್ನೊಂದು ವಿಮಾನದವರೂ ಮಾತನಾಡಿದ್ದರಿಂದ ಎರಡು ದನಿಗಳು ಒಂದರ ಮೇಲೊಂದು ಬಿದ್ದು, ಕಿವಿಗೆ ಕೀರಲು ಸದ್ದು ಮಾತ್ರ ಕೇಳಿಸಿತು. ಅನುಮತಿಯಿಲ್ಲದೆ ಓಡತೊಡಗಿದ ಮೊದಲ ವಿಮಾನವು ಎರಡನೆಯದಕ್ಕೆ ಡಿಕ್ಕಿ ಹೊಡೆಯಿತು. 583 ಮಂದಿ ಸತ್ತರು. ವಿಮಾನಯಾನದ ಇತಿಹಾಸದಲ್ಲಿ ಅದಕ್ಕಿಂತ ದೊಡ್ಡ ಅಪಘಾತವಿಲ್ಲ. ಆ ಬಳಿಕ ರೇಡಿಯೋ ಮಾತಿನ ನಿಯಮಗಳನ್ನು ಬಿಗಿಗೊಳಿಸಿದರು. ‘ಟೇಕಾಫ್’ ಎಂಬ ಪದವನ್ನು ಮೇಲೇರಲು ನಿಜವಾಗಿ ಅನುಮತಿ ಕೊಡುವಾಗ ಅಥವಾ ಕೊಟ್ಟ ಅನುಮತಿಯನ್ನು ಹಿಂತೆಗೆದುಕೊಳ್ಳುವಾಗ ಮಾತ್ರ ಉಚ್ಚರಿಸಬೇಕು. ಉಳಿದ ಸಂದರ್ಭಗಳಲ್ಲಿ ‘ಹೊರಡುವುದು’ ಎಂಬರ್ಥದ ಬೇರೆ ಪದವನ್ನು ಬಳಸಬೇಕು. ಮಾತು ತಲಪುವುದು ಬೇರೆ, ಅರ್ಥವಾಗುವುದು ಬೇರೆ, ಅನುಮತಿ ಸಿಕ್ಕುವುದು ಬೇರೆ. ಈ ಮೂರನ್ನೂ ಕಲಸಿಬಿಟ್ಟರೆ ಚಿತ್ರಮಂದಿರದಲ್ಲಿ ನಗೆ ಹುಟ್ಟುತ್ತದೆ. ಓಡುದಾರಿಯಲ್ಲಿ ಹುಟ್ಟುವುದು ಬೇರೆಯದೇ.

ಚಾಲಕರಿಬ್ಬರೂ ಕುಸಿದಾಗ ಚಿತ್ರದಲ್ಲಿ ‘ಆಟೋಪೈಲಟ್’ ಕೆಲಸಕ್ಕೆ ಬರುತ್ತದೆ. ನಿಜವಾಗಿ ಅದೊಂದು ಸ್ವಯಂಚಾಲಕ ಯಂತ್ರ. ಚಿತ್ರದಲ್ಲಾದರೋ ಅದು ಗಾಳಿ ತುಂಬಿದ ರಬ್ಬರಿನ ಗೊಂಬೆ! ಸಮವಸ್ತ್ರ ಧರಿಸಿದ ಆ ಬೊಂಬೆ ಬಾಯಿ ಹಿಗ್ಗಿಸಿಕೊಂಡು ಚಾಲಕ ಪೀಠದಲ್ಲಿ ಕೂರುತ್ತದೆ. ಗಾಳಿ ಇಳಿದರೆ ಸೊರಗಿ ಒರಗುತ್ತದೆ. ಇದು ಬರಿಯ ಹುಡುಗಾಟವೆಂದು ತೋರಬಹುದು. ಆದರೆ ಸ್ವಯಂಚಾಲಕದ ಮೊದಲ ಬಹಿರಂಗ ಪ್ರದರ್ಶನವೂ ಹೆಚ್ಚು ಕಡಿಮೆ ಸರ್ಕಸ್ಸಿನಂತೆಯೇ ಇತ್ತೆಂಬುದನ್ನು ತಿಳಿದರೆ ಆಶ್ಚರ್ಯವಾಗುತ್ತದೆ. 1914ರ ಜೂನ್ 18ರಂದು ಪ್ಯಾರಿಸ್ಸಿನ ಬಳಿ ಸೇನ್ ನದಿಯ ಮೇಲೆ ಲಾರೆನ್ಸ್ ಸ್ಪೆರಿ ಎಂಬ 21 ವರ್ಷದ ಅಮೆರಿಕನ್ ತರುಣನು ತನ್ನ ವಿಮಾನವನ್ನು ಹಾರಿಸಿದನು. ಗರಗರನೆ ತಿರುಗುವ ಬುಗುರಿ ತನ್ನ ನಿಲುವನ್ನು ಬಿಟ್ಟುಕೊಡದೆಂಬುದು ನಿಮಗೆ ತಿಳಿದದ್ದೇ. ಆ ತತ್ತ್ವದ ಮೇಲೆ ರಚಿಸಿದ ‘ಜೈರೋಸ್ಕೋಪ್’ ಎಂಬ ಸಾಧನವನ್ನು ಅವನು ವಿಮಾನದಲ್ಲಿ ಅಳವಡಿಸಿದ್ದನು. ದಡದ ಮೇಲೆ ನೆರೆದಿದ್ದ ಪರೀಕ್ಷಕರ ಮುಂದೆ ಹಾದುಹೋಗುವಾಗ ಸ್ಪೆರಿ ತನ್ನ ಎರಡು ಕೈಗಳನ್ನೂ ಮೇಲೆತ್ತಿ ತೋರಿಸಿದನು. ಸಾಲದೆಂಬಂತೆ ಅವನ ಯಂತ್ರಶಿಲ್ಪಿ ರೆಕ್ಕೆಯ ಮೇಲೆ ಏರಿ ನಡೆದನು. ವಿಮಾನ ವಾಲಲಿಲ್ಲ. ಯಂತ್ರವು ತಾನಾಗಿ ಅದನ್ನು ಸರಿದೂಗಿಸಿತ್ತು. ಇಂದಿನ ಸ್ವಯಂಚಾಲಕಗಳು ಹಾರಾಟದ ಬಹುಪಾಲನ್ನು ನಿರ್ವಹಿಸಬಲ್ಲವು. ಆದರೆ ಅವು ಏನು ಮಾಡುತ್ತಿವೆಯೆಂಬುದರ ಮೇಲೆ ಕಣ್ಣಿಡಲು ಮನುಷ್ಯರು ಬೇಕೇ ಬೇಕು. ಗಾಳಿ ಇಳಿದ ಬೊಂಬೆಯನ್ನು ಕಂಡು ನಗುವಾಗ ನಾವು ಗುರುತಿಸುವುದು ಇದನ್ನೇ.

ಕಡೆಯದಾಗಿ, ಕಥೆಗೆ ಮೂಲವಾದ ಆ ಮೀನಿನ ಊಟ. ಒಂದೇ ಊಟದಿಂದ ವಿಮಾನದವರೆಲ್ಲ ಕಾಯಿಲೆ ಬೀಳುವುದು ನಾಟಕಕಾರನ ಅತಿರೇಕವೆಂದು ಹಲವರಿಗೆ ಅನ್ನಿಸಿದ್ದೀತು. 1975ರ ಫೆಬ್ರವರಿಯಲ್ಲಿ ಜಪಾನಿನ ಬೋಯಿಂಗ್ 747 ವಿಮಾನವೊಂದು ಟೋಕಿಯೋದಿಂದ ಹೊರಟು, ಅಲಾಸ್ಕದ ಆಂಕರೇಜಿನಲ್ಲಿ ಇಳಿದು, ಅಲ್ಲಿಂದ ಡೆನ್ಮಾರ್ಕಿನ ಕೋಪನ್‌ಹೇಗನ್ನಿನತ್ತ ಸಾಗಿತ್ತು. ಬೆಳಗಿನ ಉಪಾಹಾರಕ್ಕೆ ಹಂದಿಮಾಂಸ ಸೇರಿಸಿದ ಆಮ್ಲೆಟ್ ಬಡಿಸಿದರು. ಅದನ್ನು ಸಿದ್ಧಪಡಿಸಿದ ಅಡಿಗೆಯವನೊಬ್ಬನ ಬೆರಳಿನಲ್ಲಿ ಕೀವಿನ ಹುಣ್ಣುಗಳಿದ್ದವು. ಅವುಗಳಿಂದ ಆಹಾರಕ್ಕೆ ಸೇರಿದ ಸೂಕ್ಷ್ಮಜೀವಿಗಳು, ಆಹಾರವನ್ನು ತಕ್ಕಷ್ಟು ತಂಪಿನಲ್ಲಿ ಇಡದುದರಿಂದ ಬೆಳೆದು ವಿಷವನ್ನು ಉಂಟುಮಾಡಿದ್ದವು. ಸುಮಾರು 200 ಜನ ವಾಂತಿ ಭೇದಿಗಳಿಂದ ನರಳಿದರು. ಅವರಲ್ಲಿ ನೂರಕ್ಕೂ ಹೆಚ್ಚು ಮಂದಿಯನ್ನು ಆಸ್ಪತ್ರೆಗೆ ಸೇರಿಸಬೇಕಾಯಿತು. ಚಾಲಕರು ಪಾರಾದರು. ಅವರು ವಿಮಾನವನ್ನು ಹತ್ತಿದ್ದು ಆಂಕರೇಜಿನಲ್ಲಿ. ಪ್ರಯಾಣಿಕರಿಗೆ ಬೆಳಗಾಗಿದ್ದರೂ ಅವರ ದೇಹದ ಗಡಿಯಾರಕ್ಕೆ ಅದು ರಾತ್ರಿಯೂಟದ ಹೊತ್ತು. ಆದ್ದರಿಂದ ಅವರು ಆಮ್ಲೆಟ್ಟನ್ನು ಮುಟ್ಟದೆ ಬೇರೆ ಊಟ ಮಾಡಿದ್ದರು. ಅಷ್ಟು ಜನರ ಪ್ರಾಣ ಉಳಿದದ್ದು ಗಡಿಯಾರದ ಆ ವ್ಯತ್ಯಾಸದಿಂದಲೆಂದರೆ ಹೆಚ್ಚಿನ ಮಾತಲ್ಲ. ಒಂದೇ ವಿಮಾನದ ಇಬ್ಬರು ಚಾಲಕರು ಒಂದೇ ಬಗೆಯ ಊಟವನ್ನು ಉಣ್ಣಬಾರದೆಂಬ ನಿಯಮವನ್ನು ಅನೇಕ ವಿಮಾನ ಸಂಸ್ಥೆಗಳು ಪಾಲಿಸುತ್ತವೆ. ಕ್ಯಾಪ್ಟನ್ನನ ತಟ್ಟೆಯಲ್ಲಿ ಒಂದು ಬಗೆಯಾದರೆ ಸಹಚಾಲಕನ ತಟ್ಟೆಯಲ್ಲಿ ಇನ್ನೊಂದು ಬಗೆ.

ಹಾಗಾದರೆ, ಆರ್ಥರ್ ಹೇಲಿಯ ಪ್ರಶ್ನೆಗೆ ಉತ್ತರವೇನು? ಪ್ರಯಾಣಿಕನೊಬ್ಬನು ರೇಡಿಯೋ ಮಾತುಗಳನ್ನು ಕೇಳುತ್ತ ವಿಮಾನವನ್ನು ಇಳಿಸಬಲ್ಲನೇ? 2022ರ ಮೇ 10ರಂದು ಅಮೆರಿಕದ ಫ್ಲೋರಿಡ ಪ್ರಾಂತದಲ್ಲಿ ಒಂಟಿ ಎಂಜಿನ್ನಿನ ಸೆಸ್ನಾ ವಿಮಾನವೊಂದರ ಚಾಲಕನು ಹಾರಾಟದ ನಡುವೆ ಪ್ರಜ್ಞೆ ತಪ್ಪಿದನು. ಚಾಲಕ ವಿದ್ಯೆಯನ್ನು ಕಲಿಯದ ಪ್ರಯಾಣಿಕನೊಬ್ಬನು ಕೈಕೋಲನ್ನು ಹಿಡಿದು, ತನಗೆ ವಿಮಾನ ನಡೆಸಲು ತಿಳಿಯದೆಂದು ರೇಡಿಯೋದಲ್ಲಿ ಹೇಳಿದನು. ಪಾಮ್ ಬೀಚ್ ವಿಮಾನ ನಿಲ್ದಾಣದ ನಿಯಂತ್ರಕರಲ್ಲಿ ಒಬ್ಬರು ಹಾರಾಟವನ್ನು ಕಲಿಸುವ ಶಿಕ್ಷಕರೂ ಆಗಿದ್ದರು. ಆ ಬಗೆಯ ವಿಮಾನವನ್ನು ಅವರು ನಡೆಸಿರಲಿಲ್ಲ. ಅದರ ಉಪಕರಣಗಳ ಚಿತ್ರವನ್ನು ಕಾಗದದ ಮೇಲೆ ಮುದ್ರಿಸಿಕೊಂಡು ಎದುರಿಗಿಟ್ಟುಕೊಂಡರು. ಮೆಲ್ಲನೆ, ಒಂದು ಬಾರಿಗೆ ಒಂದೇ ಸೂಚನೆಯಂತೆ ಹೇಳುತ್ತ ಹೋದರು. ನೆಲದಲ್ಲಿ ಒಬ್ಬರ ಕೈಯಲ್ಲಿ ಕಾಗದ, ಆಕಾಶದಲ್ಲಿ ಒಬ್ಬರ ಕೈಯಲ್ಲಿ ವಿಮಾನ. ಅದು ಸಣ್ಣ ವಿಮಾನ, ನೂರಾರು ಜನರನ್ನು ಹೊತ್ತ ಜೆಟ್ ಅಲ್ಲ, ನಿಜ. ಆದರೂ ಅದು ಓಡುದಾರಿಯನ್ನು ಮುಟ್ಟಿ, ನೇರವಾಗಿ ಓಡಿ, ನಿಂತಿತು.